ಯಾರೋ ನೋಡ್ತಿದ್ದಾರೆ ಅನ್ನಿಸುತ್ತೆ: ಪದೇ ಪದೇ ಕೇಳುವ ಪ್ರಶ್ನೆಗಳು

ಮೈಸೂರು, ಮಂಡ್ಯ ಕಡೆ ಈ ವಿಷಯ ಎತ್ತಿದರೆ ಜನ ಕೇಳುವ ಪ್ರಶ್ನೆಗಳನ್ನು ಆದಷ್ಟೂ ಅವರ ಮಾತಿನಲ್ಲೇ ಇಟ್ಟು ಉತ್ತರಿಸಿದ್ದೇನೆ. ಮೊದಲೇ ಒಂದು ವಿಷಯ ಹೇಳಿಬಿಡುತ್ತೇನೆ. ಯಾರೋ ನೋಡುತ್ತಿದ್ದಾರೆ ಅನ್ನಿಸುವುದು ಒಂದು, ಯಾರೋ ನೋಡುತ್ತಿರುವುದು ಇನ್ನೊಂದು. ಎರಡೂ ಇವೆ, ಆದರೆ ಎರಡೂ ಜೊತೆಯಾಗಿ ಬರುವುದು ಕಡಿಮೆ. ಬೆನ್ನು ಜುಮ್ಮೆಂದಾಗ ಸಾಮಾನ್ಯವಾಗಿ ಹಿಂದೆ ಯಾರೂ ಇರುವುದಿಲ್ಲ. ನಿಜವಾಗಿ ನಮ್ಮ ಮೇಲೆ ಕಣ್ಣಿಟ್ಟವರು ಇರುವಾಗ ನಮಗೆ ಏನೂ ಅನ್ನಿಸಿರುವುದಿಲ್ಲ.

ಹಿಂದಿನಿಂದ ಯಾರಾದರೂ ದಿಟ್ಟಿಸಿ ನೋಡಿದರೆ ನಿಜಕ್ಕೂ ಗೊತ್ತಾಗುತ್ತಾ?

ಇಲ್ಲ. ಹೆಜ್ಜೆ ಸಪ್ಪಳ, ಬೀಡಿ ವಾಸನೆ, ನೆಲದ ಮೇಲೆ ಬಿದ್ದ ನೆರಳು ಇವು ಗೊತ್ತಾಗುತ್ತವೆ. ಬರೀ ನೋಟ ಗೊತ್ತಾಗುವುದಿಲ್ಲ. ಕಣ್ಣಿನೊಳಕ್ಕೆ ಬೆಳಕು ಹೋಗುತ್ತದೆಯೇ ಹೊರತು ಕಣ್ಣಿನಿಂದ ಹೊರಟು ನಿಮ್ಮ ಬೆನ್ನಿಗೆ ತಾಕುವಂಥದ್ದು ಏನೂ ಇಲ್ಲ.

ಇದನ್ನು ಬಹಳ ಹಿಂದೆಯೇ ಪರೀಕ್ಷೆ ಮಾಡಿ ನೋಡಿದ್ದಾರೆ. ಅಮೆರಿಕದ ಕಾರ್ನೆಲ್ ವಿಶ್ವವಿದ್ಯಾಲಯದಲ್ಲಿ ಮನಶ್ಶಾಸ್ತ್ರ ಕಲಿಸುತ್ತಿದ್ದ ಎಡ್ವರ್ಡ್ ಟಿಚನರ್ ಅವರಿಗೆ, ತಮ್ಮ ತರಗತಿಯ ಹುಡುಗರಲ್ಲಿ ಹಲವರು ಇದನ್ನು ಗಟ್ಟಿಯಾಗಿ ನಂಬಿದ್ದು ಕಂಡು ಕುತೂಹಲವಾಯಿತು. ಹಾಗೆ ಹೇಳಿಕೊಂಡವರನ್ನೇ ಕೂರಿಸಿ ಪ್ರಯೋಗ ಮಾಡಿದರು. ಏನೂ ಸಿಗಲಿಲ್ಲ. 1898ರಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಅದನ್ನು ಬರೆದರು. 1913ರಲ್ಲಿ ಸ್ಟ್ಯಾನ್‌ಫರ್ಡ್‌ನ ಜಾನ್ ಕೂವರ್ ಇನ್ನೂ ಅಚ್ಚುಕಟ್ಟಾಗಿ ಮಾಡಿದಾಗ ಸರಿಯಾದ ಉತ್ತರಗಳು ನೂರಕ್ಕೆ ಐವತ್ತರ ಆಸುಪಾಸಿನಲ್ಲಿದ್ದವು. ಕಣ್ಣು ಮುಚ್ಚಿ ಬಾಯಿಗೆ ಬಂದದ್ದು ಹೇಳಿದರೂ ಅಷ್ಟೇ ಬರುತ್ತದೆ. ಇಂಗ್ಲೆಂಡಿನ ರೂಪರ್ಟ್ ಶೆಲ್ಡ್ರೇಕ್ ಎಂಬವರು ಗೊತ್ತಾಗುತ್ತದೆ ಎಂದೇ ವಾದಿಸುತ್ತ ಬಂದಿದ್ದಾರೆ. ಅವರ ಪ್ರಯೋಗಗಳಲ್ಲಿ ನೋಡುವ, ನೋಡದಿರುವ ಸರದಿ ಪೂರ್ತಿ ಗೊತ್ತುಗುರಿಯಿಲ್ಲದೆ ಇರಲಿಲ್ಲ, ಕೂತವರು ಆ ಸರದಿಯ ಜಾಡನ್ನೇ ಹಿಡಿದಿರಬಹುದು ಎಂಬುದು ವಿಮರ್ಶಕರ ತಕರಾರು. ನನಗೆ ಆ ತಕರಾರು ಸರಿಯೆನಿಸುತ್ತದೆ.

ಮನೆಯಲ್ಲೇ ಪರೀಕ್ಷಿಸಿಕೊಳ್ಳಬೇಕೆಂದರೆ ಇಬ್ಬರು ಸಾಕು. ಒಬ್ಬರು ಗೋಡೆ ಕಡೆ ಮುಖ ಮಾಡಿ ಕೂರಲಿ. ಇನ್ನೊಬ್ಬರು ಪ್ರತಿ ಸಲ ನಾಣ್ಯ ಚಿಮ್ಮಿ, ಹೆಡ್ ಬಿದ್ದರೆ ದಿಟ್ಟಿಸಲಿ, ಟೇಲ್ ಬಿದ್ದರೆ ಕಿಟಕಿಯಾಚೆ ನೋಡಲಿ. ಕೂತವರು ಪ್ರತಿ ಸಲ ತನ್ನನ್ನು ನೋಡುತ್ತಿದ್ದಾರೋ ಇಲ್ಲವೋ ಹೇಳಲಿ, ಅದನ್ನು ಬರೆದಿಟ್ಟುಕೊಳ್ಳಿ. ಕನಿಷ್ಠ 40 ಸಲ ಆಗಬೇಕು. ಕೊನೆಯವರೆಗೂ ಸರಿ, ತಪ್ಪು ಅನ್ನಬಾರದು. ಎದುರಿಗೆ ಆಫ್ ಮಾಡಿದ ಟಿವಿಯೋ ಫಳಫಳ ಹೊಳೆಯುವ ಸ್ಟೀಲ್ ಡಬ್ಬವೋ ಇದ್ದರೆ ಮೊದಲು ಅದನ್ನು ಎತ್ತಿಡಿ. ಮಕ್ಕಳು ಅದರಲ್ಲಿ ನೋಡಿಕೊಂಡೇ ನೂರಕ್ಕೆ ನೂರು ತೆಗೆಯುತ್ತಾರೆ.

ಮತ್ತೆ ನಾನು ತಿರುಗಿದಾಗೆಲ್ಲ ಹಿಂದಿನವರು ನನ್ನನ್ನೇ ನೋಡ್ತಿರ್ತಾರಲ್ಲ, ಅದು ಹೇಗೆ?

ನೀವು ತಿರುಗಿದ್ದಕ್ಕೇ ಅವರು ನೋಡಿದ್ದು. ಸುಮ್ಮನೆ ಕೂತಿರುವ ಜನರ ನಡುವೆ ಒಂದು ತಲೆ ಅಲುಗಾಡಿದರೆ ಎಲ್ಲರ ಕಣ್ಣೂ ತಾನಾಗಿ ಅತ್ತ ಹೋಗುತ್ತದೆ. ನೀವು ಪೂರ್ತಿ ತಿರುಗುವಷ್ಟರಲ್ಲಿ ಅವರ ನೋಟ ಅಲ್ಲಿ ಬಂದು ನಿಂತಿರುತ್ತದೆ. ಟಿಚನರ್ ಕೊಟ್ಟ ವಿವರಣೆಯೂ ಇದೇ. ಇದರ ಜೊತೆಗೆ ಇನ್ನೊಂದು ಇದೆ: ತಿರುಗಿ ಯಾರೂ ಕಾಣದ ಸಲಗಳನ್ನು ಯಾರು ನೆನಪಿಟ್ಟುಕೊಳ್ಳುತ್ತಾರೆ?

ಹಾಗಾದರೆ ಈ ಅನುಮಾನ ನಮ್ಮೊಳಗೆ ಯಾಕಿದೆ?

ಮನುಷ್ಯರಿಗೆ ಇನ್ನೊಬ್ಬರ ಕಣ್ಣು ಓದುವುದು ಬದುಕಿನ ಪ್ರಶ್ನೆ. ನಮ್ಮ ಕಣ್ಣಿನ ಬಿಳಿ ಭಾಗ ಬೇರೆ ವಾನರ ಜಾತಿಗಳಿಗಿಂತ ಹೆಚ್ಚು ಎದ್ದು ಕಾಣುತ್ತದೆ ಎಂದು 1997ರಲ್ಲಿ ಜಪಾನಿನ ಸಂಶೋಧಕರು ತೋರಿಸಿದರು. ಆ ಬಿಳಿಯಿಂದಾಗಿ ಇಪ್ಪತ್ತು ಅಡಿ ದೂರದಲ್ಲಿದ್ದರೂ ಇವರು ಎತ್ತ ನೋಡುತ್ತಿದ್ದಾರೆ ಎಂದು ಹೇಳಬಲ್ಲೆವು. ಸ್ವಿಟ್ಜರ್ಲೆಂಡಿನ ವಿಜ್ಞಾನಿಗಳು 2013ರಲ್ಲಿ ಒಬ್ಬ ರೋಗಿಯ ಬಗ್ಗೆ ಬರೆದರು. ಮೆದುಳಿನಲ್ಲಿ ನೋಟಕ್ಕೆ ಮೀಸಲಾದ ಭಾಗ ಎರಡೂ ಬದಿ ಹಾಳಾಗಿ ಆತನಿಗೆ ಏನೂ ಕಾಣುತ್ತಿರಲಿಲ್ಲ. ಆದರೂ ತನ್ನತ್ತಲೇ ನೋಡುತ್ತಿರುವ ಮುಖದ ಚಿತ್ರ ಎದುರಿಗಿಟ್ಟಾಗ, ಬೇರೆಡೆ ನೋಡುವ ಮುಖ ಇಟ್ಟಾಗಿನದಕ್ಕಿಂತ ಹೆಚ್ಚಾಗಿ, ಭಯಕ್ಕೆ ಸಂಬಂಧಿಸಿದ ಅಮಿಗ್ಡಲಾ ಎಂಬ ಭಾಗ ಚುರುಕಾಯಿತು. ಹಾಗಾಗಿ ಕಣ್ಣಂಚಿನಲ್ಲಿ ಮಸುಕಾಗಿ ಕಂಡ ಒಂದು ಮುಖವನ್ನು ನಾವು ಅರಿಯುವ ಮೊದಲೇ ಮೆದುಳು ಲೆಕ್ಕಕ್ಕೆ ತೆಗೆದುಕೊಂಡಿರಬಹುದು. ಆಗ ನಾವು "ಅನ್ನಿಸಿತು" ಅನ್ನುತ್ತೇವೆ. ಅದರಲ್ಲಿ ಪವಾಡ ಏನಿಲ್ಲ, ಕಣ್ಣೇ ಕಂಡದ್ದು.

ಅದೇ 2013ರಲ್ಲಿ ಬಂದ ಇನ್ನೊಂದು ಅಧ್ಯಯನ ಇನ್ನೂ ನೇರವಾಗಿದೆ. ಮುಖದ ಚಿತ್ರದಲ್ಲಿ ನೋಟ ಎತ್ತ ಇದೆ ಎಂಬುದು ಸ್ಪಷ್ಟವಿಲ್ಲದಂತೆ ಮಾಡಿದರೆ, ನೋಡುವವರು "ನನ್ನ ಕಡೆಗೇ" ಎಂಬ ತೀರ್ಮಾನಕ್ಕೆ ವಾಲುತ್ತಾರೆ. ಕತ್ತಲಲ್ಲಿ, ಕಪ್ಪು ಕನ್ನಡಕ ಹಾಕಿದವರ ಎದುರು, ಟಿಂಟೆಡ್ ಗಾಜಿನ ಕಾರಿನ ಪಕ್ಕ ನಮಗಾಗುವ ಕಸಿವಿಸಿಗೆ ಕಾರಣ ಇದು. ನೋಡದವನನ್ನು ನೋಡಿದ ಅಂದುಕೊಂಡರೆ ನಷ್ಟ ಕಡಿಮೆ, ನೋಡಿದವನನ್ನು ಬಿಟ್ಟುಬಿಟ್ಟರೆ ಹೆಚ್ಚು. ಆದ್ದರಿಂದ ಈ ತಪ್ಪು ಎಚ್ಚರದ ಕಡೆಗೇ ವಾಲಿದೆ.

ಸಂಜೆ ಕಬ್ಬಿನ ಗದ್ದೆ ಬದೂನಲ್ಲಿ ಬರ್ತಿದ್ರೆ ಒಳಗಿಂದ ಏನೋ ನೋಡ್ತಿದೆ ಅನ್ಸುತ್ತೆ. ಇದೂ ಭ್ರಮೆನಾ?

ಇದನ್ನು ಮಾತ್ರ ಭ್ರಮೆ ಎಂದು ತಳ್ಳಿಹಾಕಲಾರೆ. ಮಂಡ್ಯ ಜಿಲ್ಲೆಯಲ್ಲಿ, ಮೈಸೂರಿನ ತಿ. ನರಸೀಪುರ ಕಡೆ, ನಾಲೆ ನೀರು ಹರಿಯುವ ಕಡೆಯೆಲ್ಲ ಆಳೆತ್ತರ ಕಬ್ಬು ಇರುತ್ತದೆ. ಊರ ತುಂಬ ನಾಯಿ, ಕೊಟ್ಟಿಗೆಯಲ್ಲಿ ಕುರಿ, ಮೇಕೆ. ಚಿರತೆಗೆ ಇನ್ನೇನು ಬೇಕು? ಕಬ್ಬು ಕಡಿಯುವಾಗ ಚಿರತೆ ಮರಿಗಳು ಸಿಗುವುದು ಈ ಕಡೆಯವರಿಗೆ ಹೊಸ ಸುದ್ದಿಯಲ್ಲ. 2022ರ ಕೊನೆ ಮತ್ತು 2023ರ ಮೊದಲಲ್ಲಿ ತಿ. ನರಸೀಪುರ ತಾಲ್ಲೂಕಿನಲ್ಲಿ ಚಿರತೆ ದಾಳಿಗೆ ಜನ ಪ್ರಾಣ ಕಳೆದುಕೊಂಡರು. ಆಮೇಲೆ ಅರಣ್ಯ ಇಲಾಖೆ ಮೈಸೂರಿನಲ್ಲಿ ಚಿರತೆಗೆಂದೇ ಒಂದು ಕಾರ್ಯಪಡೆ ಮಾಡಿತು.

ಆದರೂ ಒಂದು ಮಾತು. ನಿಮ್ಮನ್ನು ನೋಡುತ್ತಿರುವ ಚಿರತೆಯ ನೋಟ ನಿಮಗೆ ಅನ್ನಿಸುವುದಿಲ್ಲ. ಅನ್ನಿಸದ ಹಾಗೆ ಕೂರುವುದೇ ಅದರ ಬದುಕು. ನಿಮಗೆ ಸುಳಿವು ಕೊಡುವುದು ಬೇರೆ: ಊರ ನಾಯಿಗಳು ಒಂದೇ ದಿಕ್ಕಿಗೆ ನಿಂತು ಬೊಗಳುವುದು, ನವಿಲು ಇದ್ದಕ್ಕಿದ್ದಂತೆ ಕೂಗಿಕೊಳ್ಳುವುದು, ಒದ್ದೆ ಮಣ್ಣಿನ ಮೇಲೆ ಹೆಜ್ಜೆ. ಹಾಗಾಗಿ ಅನಿಸಿಕೆಗೆ ಕಾಯಬೇಡಿ. ಹೊತ್ತು ಮುಳುಗಿದ ಮೇಲೆ ಒಬ್ಬರೇ ಹೋಗಬೇಡಿ, ಟಾರ್ಚ್ ಹಿಡಿಯಿರಿ, ಜೋರಾಗಿ ಮಾತಾಡಿಕೊಂಡು ಬನ್ನಿ, ಮಕ್ಕಳನ್ನು ನಡುವೆ ಬಿಟ್ಟುಕೊಳ್ಳಿ. ಗದ್ದೆ ಬದಿಯಲ್ಲಿ ಕುಕ್ಕರಗಾಲಲ್ಲಿ ಕೂರಬೇಡಿ, ಬಗ್ಗಿದ ಮನುಷ್ಯ ಅದಕ್ಕೆ ಸಣ್ಣ ಪ್ರಾಣಿಯಂತೆ ಕಾಣುತ್ತಾನೆ. ಹೆಜ್ಜೆ ಕಂಡರೆ ಅರಣ್ಯ ಇಲಾಖೆಯ 1926ಕ್ಕೆ ಫೋನ್ ಮಾಡಿ.

ಬೇಟೆಯಾಡುವ ಪ್ರಾಣಿಗೂ ಕಣ್ಣಿನ ಹೆದರಿಕೆ ಇದೆ ಎಂಬುದು ಈ ವಿಷಯದಲ್ಲಿ ನನಗೆ ಬಹಳ ಇಷ್ಟವಾದ ಭಾಗ. ಸುಂದರಬನದಲ್ಲಿ ಹುಲಿ ಹಿಂದಿನಿಂದ ಎರಗುತ್ತದೆಂದು ಕಾಡಿಗೆ ಹೋಗುವವರು 1980ರ ದಶಕದಲ್ಲಿ ತಲೆಯ ಹಿಂಬದಿಗೆ ಮನುಷ್ಯ ಮುಖದ ಮುಖವಾಡ ಕಟ್ಟಿಕೊಳ್ಳತೊಡಗಿದರು. ಆಫ್ರಿಕಾದ ಬೋಟ್ಸ್ವಾನಾದಲ್ಲಿ ದನಗಳ ಹಿಂಭಾಗಕ್ಕೆ ದೊಡ್ಡ ಕಣ್ಣುಗಳನ್ನು ಬಣ್ಣದಲ್ಲಿ ಬರೆದು ಮೇಯಲು ಬಿಟ್ಟರು. 2020ರಲ್ಲಿ ಪ್ರಕಟವಾದ ಆ ಅಧ್ಯಯನದಲ್ಲಿ ಕಣ್ಣು ಬರೆಸಿಕೊಂಡ 683 ದನಗಳಲ್ಲಿ ಒಂದೂ ಸಿಂಹ, ಚಿರತೆಗಳ ಪಾಲಾಗಲಿಲ್ಲ. ಏನೂ ಬರೆಯದ 835ರಲ್ಲಿ 15 ಸತ್ತವು. ತನ್ನನ್ನು ಯಾರೋ ನೋಡಿಬಿಟ್ಟರು ಅನ್ನಿಸಿದರೆ ಸಿಂಹವೂ ಹಿಂದೆ ಸರಿಯುತ್ತದೆ. ನಮ್ಮ ಹೊಲದ ಬೆರ್ಚಪ್ಪನಿಗೆ ಇಷ್ಟು ದೊಡ್ಡ ಕಣ್ಣು ಬರೆದವರು ಯಾವ ಪತ್ರಿಕೆಯನ್ನೂ ಓದಿರಲಿಲ್ಲ.

ಅರಮನೇಲಿ ಗೈಡ್ ಒಂದು ಚಿತ್ರ ತೋರಿಸಿ "ಎತ್ತ ಹೋದ್ರೂ ನಿಮ್ಮನ್ನೇ ನೋಡ್ತಾರೆ" ಅಂದ್ರು. ನಿಜ, ನೋಡಿದ್ರು! ಏನು ಗುಟ್ಟು?

ಗುಟ್ಟು ಕ್ಯಾನ್ವಾಸಿನ ಚಪ್ಪಟೆತನದಲ್ಲಿದೆ. ನಿಜವಾದ ಮನುಷ್ಯ ಎದುರಿಗಿದ್ದು ನೀವು ಪಕ್ಕಕ್ಕೆ ಹೋದರೆ ಆತನ ಮೂಗಿನ ಇನ್ನೊಂದು ಬದಿ, ಕಿವಿ ಕಾಣಿಸುತ್ತವೆ. ಚಿತ್ರದಲ್ಲಿ ನೀವು ಎತ್ತ ಹೋದರೂ ಬರೆದದ್ದೇ ಕಾಣುತ್ತದೆ. ಕಲಾವಿದ ಕಣ್ಣನ್ನು ನೇರ ನೋಡುವಂತೆ ಬರೆದಿದ್ದರೆ ಅದು ಎಲ್ಲ ಮೂಲೆಗೂ ನೇರವೇ. ವಿಲಿಯಂ ವೊಲಾಸ್ಟನ್ ಎಂಬ ವಿಜ್ಞಾನಿ 1824ರಷ್ಟು ಹಿಂದೆಯೇ ಇದರ ಬಗ್ಗೆ ಬರೆದಿದ್ದಾರೆ. ಇದಕ್ಕೆ ಮೋನಾಲಿಸಾ ಪರಿಣಾಮ ಎಂದು ಹೆಸರು ಬಿದ್ದಿದೆ. ತಮಾಷೆಯೆಂದರೆ 2019ರಲ್ಲಿ ಜರ್ಮನಿಯವರು ಅಳೆದು ನೋಡಿದಾಗ ಮೋನಾಲಿಸಾಳ ನೋಟವೇ ನೋಡುಗರಿಂದ ಸುಮಾರು 15 ಡಿಗ್ರಿ ಪಕ್ಕಕ್ಕಿತ್ತು. ಜಗನ್ಮೋಹನ ಅರಮನೆಗೆ ಹೋದಾಗ ನೀವೇ ಪರೀಕ್ಷಿಸಿ: ಪಕ್ಕಕ್ಕೆ ನೋಡುವಂತೆ ಬರೆದ ಚಿತ್ರದ ಎದುರು ಎಷ್ಟೇ ಸುತ್ತಿದರೂ ಅವರು ನಿಮ್ಮತ್ತ ತಿರುಗುವುದಿಲ್ಲ.

ಬಸ್ಸು ಹತ್ತಿದ ಕೂಡಲೇ ಎಲ್ಲರೂ ನನ್ನನ್ನೇ ನೋಡ್ತಿದ್ದಾರೆ ಅನ್ನಿಸುತ್ತೆ. ಅಂಗಿ ಮೇಲೆ ಸಾರಿನ ಕಲೆ ಇದ್ದರಂತೂ ಮುಗೀತು.

ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡ ಅನ್ನುತ್ತಾರಲ್ಲ, ಕಳ್ಳನಲ್ಲದವರೂ ಮುಟ್ಟಿ ನೋಡಿಕೊಳ್ಳುತ್ತೇವೆ. ಟಿಚನರ್ ಇದ್ದ ಅದೇ ಕಾರ್ನೆಲ್‌ನಲ್ಲಿ, ನೂರು ವರ್ಷದ ನಂತರ, ಥಾಮಸ್ ಗಿಲೊವಿಚ್ ಮತ್ತು ಸಂಗಡಿಗರು ವಿದ್ಯಾರ್ಥಿಗಳಿಗೆ ಮುಜುಗರ ತರುವಂಥ ಟೀಶರ್ಟ್ ತೊಡಿಸಿ ತುಂಬಿದ ಕೋಣೆಗೆ ಕಳಿಸಿದರು. ಹೊರಗೆ ಬಂದ ಮೇಲೆ ಎಷ್ಟು ಜನ ಗಮನಿಸಿರಬಹುದು ಎಂದು ಕೇಳಿದರೆ "ಅರ್ಧದಷ್ಟು" ಅಂದರು. ನಿಜವಾಗಿ ಗಮನಿಸಿದ್ದವರು ಕಾಲು ಭಾಗ. 2000ದಲ್ಲಿ ಪ್ರಕಟವಾದ ಪ್ರಯೋಗ ಇದು.

ನಮ್ಮ ಬಸ್ಸಿಗೆ ಒಂದು ತಿದ್ದುಪಡಿ ಬೇಕು. ಮಂಡ್ಯದ ಬಸ್ಸಿನಲ್ಲಿ ಹೊಸದಾಗಿ ಹತ್ತಿದವರನ್ನು ಜನ ನೋಡುತ್ತಾರೆ, ಮುಚ್ಚುಮರೆಯಿಲ್ಲದೆ ನೋಡುತ್ತಾರೆ. ಆದರೆ ಆ ನೋಟ "ಯಾರ ಪೈಕಿ ಇವರು, ಎಲ್ಲಿ ಇಳೀತಾರೆ, ಸೀಟು ಸಿಗುತ್ತಾ" ಅನ್ನುವುದು. ಸಾರಿನ ಕಲೆಗೆ ಅದರಲ್ಲಿ ಜಾಗವಿಲ್ಲ.

ನಾನು ಕೆ.ಆರ್. ಪೇಟೆ ಕಡೆಯವಳು, ಮೈಸೂರಲ್ಲಿ ಪಿಜಿಯಲ್ಲಿದ್ದೀನಿ. ಕ್ಲಾಸ್‌ಮೇಟ್ ಜೊತೆ ಕಾಫಿ ಕುಡಿದರೂ ಊರೋರು ಯಾರೋ ನೋಡಿ ಅಪ್ಪಂಗೆ ಹೇಳ್ತಾರೆ ಅಂತ ಭಯ. ನನಗೇನಾದರೂ ಮಾನಸಿಕ ತೊಂದರೆನಾ?

ತೊಂದರೆ ನಿಮ್ಮದಲ್ಲ. ಸಬರ್ಬನ್ ಬಸ್ ಸ್ಟ್ಯಾಂಡಿನಲ್ಲಿ ಊರಿನವರೊಬ್ಬರು ಕಂಡರೆ ಸುದ್ದಿ ಮರುದಿನ ಬೆಳಿಗ್ಗೆ ಹಾಲಿನ ಡೇರಿ ಮುಂದೆ ಇರುತ್ತದೆ. ಇದು ನಿಮ್ಮ ಅನುಭವದಿಂದ ಬಂದ ಲೆಕ್ಕಾಚಾರ. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಜೆರೆಮಿ ಬೆಂಥಮ್ ಎಂಬ ಇಂಗ್ಲಿಷ್ ಚಿಂತಕ ಒಂದು ಜೈಲಿನ ನಕ್ಷೆ ಮಾಡಿದ. ನಡುವೆ ಗೋಪುರ, ಸುತ್ತ ಕೋಣೆಗಳು, ಗೋಪುರದಲ್ಲಿ ಕಾವಲುಗಾರ ಇದ್ದಾನೋ ಇಲ್ಲವೋ ಕೈದಿಗೆ ಕಾಣುವುದಿಲ್ಲ. ಹಾಗಾಗಿ ಕೈದಿ ಯಾವಾಗಲೂ ಇದ್ದಾನೆಂದೇ ನಡೆದುಕೊಳ್ಳುತ್ತಾನೆ. ಊರಿನ ಹೆಣ್ಣುಮಕ್ಕಳಿಗೆ ಆ ಗೋಪುರ ಕಟ್ಟಿಸಬೇಕಾದ ಖರ್ಚೂ ಇಲ್ಲ, ಅರಳಿಕಟ್ಟೆ ಸಾಕು. ಅದೇ ಊರಿನ ಹುಡುಗರು ಬೈಕಿನಲ್ಲಿ ಮೂವರು ಕೂತು ಹೋದರೂ ಯಾರ ಅಪ್ಪನಿಗೂ ಫೋನ್ ಹೋಗುವುದಿಲ್ಲ.

ಒಂದು ಉಪಾಯ ಕೆಲವರಿಗೆ ಕೆಲಸಕ್ಕೆ ಬಂದಿದೆ. ಮನೆಯಲ್ಲಿ ಸ್ವಲ್ಪ ಮಾತು ಕೇಳುವವರು ಒಬ್ಬರಿರುತ್ತಾರೆ, ಅಮ್ಮನೋ ಚಿಕ್ಕಮ್ಮನೋ ಅಣ್ಣನೋ. ಸಹಪಾಠಿಗಳು ಯಾರು, ಎಲ್ಲಿ ಸೇರುತ್ತೀರಿ ಎಂದು ಅವರಿಗೆ ನೀವೇ ಮೊದಲು ಹೇಳಿಬಿಡಿ. ಗೊತ್ತಿರುವ ವಿಷಯವನ್ನು ಸುದ್ದಿ ಮಾಡಲು ಬಂದವರಿಗೆ ಸಪ್ಪೆಯಾಗುತ್ತದೆ. ಎಲ್ಲ ಮನೆಯಲ್ಲೂ ಇದು ಆಗುವುದಿಲ್ಲ, ಏಟು ಬೀಳುವ ಮನೆಯಾದರೆ ಹೇಳಲೇಬೇಡಿ.

ದೃಷ್ಟಿ ಆಗೋದು, ಕಣ್ಣೆಸರು ಅಂತಾರಲ್ಲ, ಅದನ್ನ ನಂಬಬೇಕಾ?

ನೋಟದಿಂದ ಮಗುವಿಗೆ ಜ್ವರ ಬರುವುದಿಲ್ಲ. ಜ್ವರಕ್ಕೆ ಡಾಕ್ಟರ ಹತ್ತಿರ ಹೋಗಿ. ಆಮೇಲೆ ಅಜ್ಜಿ ಉಪ್ಪು, ಮೆಣಸಿನಕಾಯಿ ನಿವಾಳಿಸಿ "ಆ ಕಣ್ಣು ಈ ಕಣ್ಣು, ನಾಯಿ ಕಣ್ಣು ನರಿ ಕಣ್ಣು" ಎಂದು ಒಲೆಗೆ ಹಾಕಿದರೆ ತಕರಾರು ಮಾಡಬೇಡಿ. ಕೆನ್ನೆಯ ಕಾಡಿಗೆ ಬೊಟ್ಟು, ಕಟ್ಟುತ್ತಿರುವ ಮನೆಯ ಮುಂದೆ ನಾಲಿಗೆ ಚಾಚಿದ ಬೂದುಗುಂಬಳ ಇವೆಲ್ಲ ಒಂದೇ ಉಪಾಯ: ನೋಡುವ ಕಣ್ಣನ್ನು ಮೊದಲು ಬೇರೆ ಕಡೆ ಸೆಳೆಯುವುದು. ಹೊಟ್ಟೆಕಿಚ್ಚು ಇರುವ ಊರಿನಲ್ಲಿ ಅದಕ್ಕೊಂದು ಸಮಾಧಾನ. ಆದರೆ ನಾದಿನಿಯ ಕಣ್ಣಿಗೋ ಮಕ್ಕಳಿಲ್ಲದವರ ಕಣ್ಣಿಗೋ ಹೆಸರಿಟ್ಟು ಅವರನ್ನು ನಾಮಕರಣಕ್ಕೆ ಕರೆಯದೆ ಬಿಡುವುದು ಶುರುವಾದರೆ ಅದು ಸಮಾಧಾನವಲ್ಲ, ಕ್ರೌರ್ಯ.

ಯಾರಾದರೂ ನೋಡ್ತಿದ್ದರೆ ಜನ ಸರಿಯಾಗಿ ನಡ್ಕೊಳ್ತಾರೆ ಅಂತಾರೆ. ಹೌದಾ?

ನಮ್ಮ ಕಾಂಪೌಂಡ್ ಗೋಡೆಗಳಿಗೆ ದೇವರ ಟೈಲ್ಸ್ ಅಂಟಿಸುವವರು ಹೌದೆಂದೇ ನಂಬಿದ್ದಾರೆ. ಇಂಗ್ಲೆಂಡಿನ ನ್ಯೂಕ್ಯಾಸಲ್ ವಿಶ್ವವಿದ್ಯಾಲಯದ ಕಾಫಿ ಕೋಣೆಯಲ್ಲಿ, ಕುಡಿದವರು ತಾವೇ ಡಬ್ಬಿಗೆ ದುಡ್ಡು ಹಾಕುವ ಪದ್ಧತಿಯಿತ್ತು. ದರಪಟ್ಟಿಯ ಮೇಲೆ ಒಂದು ವಾರ ಹೂವಿನ ಚಿತ್ರ, ಒಂದು ವಾರ ಕಣ್ಣಿನ ಚಿತ್ರ ಹಾಕಿದರು. ಕಣ್ಣಿದ್ದ ವಾರಗಳಲ್ಲಿ ಸುಮಾರು ಮೂರು ಪಟ್ಟು ದುಡ್ಡು ಬಿತ್ತು ಎಂದು 2006ರಲ್ಲಿ ವರದಿಯಾಯಿತು. ಆಮೇಲೆ ಬೇರೆಯವರು ಇಂಥದ್ದೇ ಮಾಡಿದಾಗ ಫಲಿತಾಂಶ ಒಂದೇ ತೆರನಾಗಿ ಬರಲಿಲ್ಲ. ಟೈಲ್ಸ್ ಕೂಡ ಅಷ್ಟೇ, ಪಕ್ಕದ ಗೋಡೆ ಒದ್ದೆಯಾಗುತ್ತದೆ.

ಯಾರೂ ಇಲ್ಲದ ಜಾಗದಲ್ಲಿ ಬಾಳೆಹಣ್ಣು ತಿಂದು ಬನ್ನಿ ಎಂದು ಗುರುಗಳು ಕಳಿಸಿದಾಗ ಕನಕ ತಿನ್ನದೆ ವಾಪಸು ಬಂದ ಕತೆಯನ್ನು ನಾವೆಲ್ಲ ಶಾಲೆಯಲ್ಲಿ ಕೇಳಿದ್ದೇವೆ. ಎಲ್ಲೆಡೆ ದೇವರಿದ್ದಾನೆ ಎಂಬ ಭಾವ ಕನಕನಿಗೆ ಒಂದು ನೆಮ್ಮದಿ. ಎಲ್ಲೆಡೆ ಕ್ಯಾಮೆರಾ ಇದೆ ಎಂಬ ಭಾವ ನಮಗೆ ಹಾಗಲ್ಲ, ಅದರ ಹಿಂದೆ ಕೂತವರು ಯಾರೆಂದು ಗೊತ್ತಿಲ್ಲ.

ರಾತ್ರಿ ಎಚ್ಚರವಾದಾಗ ಕೋಣೆಯ ಮೂಲೇಲಿ ಯಾರೋ ನಿಂತು ನೋಡ್ತಿರ್ತಾರೆ. ಕೈಕಾಲು ಆಡಲ್ಲ, ಕೂಗೋಕೂ ಆಗಲ್ಲ.

ಇದು ನಿದ್ರಾ ಪಾರ್ಶ್ವವಾಯು. ಕನಸು ಬೀಳುವ ಹಂತದಲ್ಲಿ ಮೈಯ ಸ್ನಾಯುಗಳನ್ನು ಮೆದುಳು ಸಡಿಲ ಬಿಟ್ಟಿರುತ್ತದೆ. ಮನಸ್ಸು ಎಚ್ಚೆತ್ತು ಮೈ ಇನ್ನೂ ಆ ಹಂತದಲ್ಲೇ ಉಳಿದರೆ ಕನಸಿನ ಚೂರು ಕೋಣೆಯೊಳಗೆ ನಿಲ್ಲುತ್ತದೆ. ಕೆಲವು ಕ್ಷಣ, ಹೆಚ್ಚೆಂದರೆ ಕೆಲವು ನಿಮಿಷ. ಅಂಗಾತ ಮಲಗುವವರಿಗೆ, ನಿದ್ದೆಗೆಟ್ಟವರಿಗೆ ಹೆಚ್ಚು. ನಂಜನಗೂಡಿನ ಕಾರ್ಖಾನೆಗಳಲ್ಲಿ ವಾರಕ್ಕೊಮ್ಮೆ ಪಾಳಿ ಬದಲಾಗುವವರಿಗೆ ಇದು ಚೆನ್ನಾಗಿ ಗೊತ್ತು. ಮಗ್ಗುಲಾಗಿ ಮಲಗಿ, ಹೊತ್ತಿಗೆ ಸರಿಯಾಗಿ ಮಲಗಿ. ಆ ಹೊತ್ತಿನಲ್ಲಿ ಒಂದು ಬೆರಳು ಅಲ್ಲಾಡಿಸಲು ಪ್ರಯತ್ನಿಸಿ. ಪದೇ ಪದೇ ಆಗುತ್ತಿದ್ದು ಹಗಲೂ ತಡೆಯಲಾರದ ನಿದ್ದೆ ಬರುತ್ತಿದ್ದರೆ ವೈದ್ಯರಿಗೆ ತೋರಿಸಿ.

ಎಚ್ಚರವಿರುವವರಲ್ಲೂ ಈ "ಯಾರೋ ಇದ್ದಾರೆ" ಎಂಬುದನ್ನು ಹುಟ್ಟಿಸಬಹುದು. ಮೂರ್ಛೆರೋಗದ ಶಸ್ತ್ರಚಿಕಿತ್ಸೆಗೆ ಮುನ್ನ 22 ವರ್ಷದ ಯುವತಿಯೊಬ್ಬಳ ಮೆದುಳಿನ ಎಡಬದಿಯ ಒಂದು ಜಾಗಕ್ಕೆ ಸ್ವಿಸ್ ವೈದ್ಯರು ಸಣ್ಣ ವಿದ್ಯುತ್ ಕೊಟ್ಟಾಗ, ಬೆನ್ನ ಹಿಂದೆ ಒಂದು ನೆರಳು ತನ್ನಂತೆಯೇ ಮಲಗಿದೆ, ತಾನು ಕೂತರೆ ಅದೂ ಕೂರುತ್ತದೆ ಎಂದಳು. 2006ರಲ್ಲಿ 'ನೇಚರ್' ಪತ್ರಿಕೆಯಲ್ಲಿ ಬಂದ ವರದಿ. ತನ್ನದೇ ಮೈಯ ಲೆಕ್ಕ ತಪ್ಪಿ ಮೆದುಳು ಅದನ್ನು ಇನ್ನೊಬ್ಬರೆಂದು ಬಗೆದಿತ್ತು.

ಯಜಮಾನರು ಹೋಗಿ ವರ್ಷವಾಯ್ತು. ಅಡುಗೆ ಮಾಡುವಾಗ ಬಾಗಿಲಲ್ಲಿ ನಿಂತು ನೋಡ್ತಿದ್ದಾರೆ ಅನ್ನಿಸುತ್ತೆ. ಯಾರಿಗೂ ಹೇಳಿಲ್ಲ.

ಹೇಳಬಹುದು, ನಿಮಗೆ ಹುಚ್ಚಿಲ್ಲ. ವೇಲ್ಸ್‌ನ ಹಳ್ಳಿ ವೈದ್ಯರೊಬ್ಬರು ಸಂಗಾತಿಯನ್ನು ಕಳೆದುಕೊಂಡ 293 ಜನರನ್ನು ವಿಚಾರಿಸಿ 1971ರಲ್ಲಿ ಬರೆದರು: ಹತ್ತಿರ ಹತ್ತಿರ ಅರ್ಧದಷ್ಟು ಜನರಿಗೆ ಇಂಥದ್ದೊಂದು ಅನುಭವವಾಗಿತ್ತು. ಹೆಚ್ಚಿನವರು ಅದನ್ನು ಯಾರಿಗೂ ಹೇಳಿರಲಿಲ್ಲ, ಬಹಳ ಮಂದಿಗೆ ಅದರಿಂದ ಸಮಾಧಾನವೇ ಆಗಿತ್ತು.

ಎದುರು ಮನೆಯವರ ಸಿಸಿಟಿವಿ ಸೀದಾ ನಮ್ಮ ಜಗಲಿಗೇ ತಿರುಗಿದೆ. ಏನು ಮಾಡೋದು?

ಇದು ಅನ್ನಿಸುವುದರ ಪೈಕಿ ಅಲ್ಲ, ಇರುವುದರ ಪೈಕಿ. ಅಗ್ರಹಾರದಂಥ ಇಕ್ಕಟ್ಟಿನ ಬೀದಿಯಲ್ಲಿ ಅವರ ಗೇಟು ಕಾಣಬೇಕಾದರೆ ನಿಮ್ಮ ಜಗಲಿಯೂ ಬರುತ್ತದೆ, ಅಷ್ಟಕ್ಕೆ ಜಗಳ ಬೇಡ. ಮೊದಲು ಹೋಗಿ ಅವರ ಪರದೆಯಲ್ಲಿ ಏನು ಕಾಣುತ್ತದೆ ತೋರಿಸಿ ಎಂದು ಕೇಳಿ. ಬಹುತೇಕ ಕ್ಯಾಮೆರಾಗಳಲ್ಲಿ ಚಿತ್ರದ ಒಂದು ಭಾಗವನ್ನು ಕಪ್ಪು ಮಾಡುವ ಸೌಲಭ್ಯ ಇರುತ್ತದೆ, ಹಾಕಿಕೊಟ್ಟವರಿಗೆ ಫೋನ್ ಮಾಡಿದರೆ ಐದು ನಿಮಿಷದ ಕೆಲಸ. ಕಿಟಕಿಯೊಳಗೆ, ಬಚ್ಚಲ ಕಡೆಗೆ ತಿರುಗಿದ್ದರೆ ಮಾತು ಬೇರೆ, ಪೊಲೀಸರಿಗೆ ಬರವಣಿಗೆಯಲ್ಲಿ ದೂರು ಕೊಡಿ.

ಖಾಸಗಿತನ ಮೂಲಭೂತ ಹಕ್ಕು ಎಂದು ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ 2017ರ ಆಗಸ್ಟ್ 24ರಂದು ಹೇಳಿತು. ಆ ಮೊಕದ್ದಮೆ ಹೂಡಿದ್ದು ನಮ್ಮದೇ ರಾಜ್ಯದ ಹೈಕೋರ್ಟಿನಲ್ಲಿ ನ್ಯಾಯಮೂರ್ತಿಯಾಗಿ ನಿವೃತ್ತರಾದ ಕೆ.ಎಸ್. ಪುಟ್ಟಸ್ವಾಮಿ. ಅದೇ 2017ರಲ್ಲಿ ಜನ ಸೇರುವ ಅಂಗಡಿ, ಛತ್ರ, ಆಸ್ಪತ್ರೆಯಂಥ ಕಡೆ ಕ್ಯಾಮೆರಾ ಕಡ್ಡಾಯ ಮಾಡುವ ಸಾರ್ವಜನಿಕ ಸುರಕ್ಷತಾ ಕಾಯ್ದೆಯೂ ಕರ್ನಾಟಕದಲ್ಲಿ ಬಂತು. ಒಂದೇ ವರ್ಷದಲ್ಲಿ ಎರಡೂ!

ಬೋರ್‌ವೆಲ್ ಮೋಟರು ಕೆಟ್ಟಿದೆ ಅಂತ ಮಾತಾಡಿದ್ವಿ ಅಷ್ಟೇ, ಫೋನಲ್ಲಿ ಮೋಟರ್ ಜಾಹೀರಾತು. ಫೋನ್ ಕದ್ದು ಕೇಳ್ತಾ?

ಮೈಸೂರಿನ ಮನೆಗಳಿಗೆ ಮೊದಲು ರೇಡಿಯೋ ದನಿ ಕೊಟ್ಟವರು ಮಹಾರಾಜ ಕಾಲೇಜಿನ ಮನಶ್ಶಾಸ್ತ್ರ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿ. 1935ರಲ್ಲಿ ತಮ್ಮ ಮನೆಯಿಂದಲೇ 'ಆಕಾಶವಾಣಿ' ಶುರು ಮಾಡಿದರು. ಆಗ ಪೆಟ್ಟಿಗೆ ಮಾತಾಡುತ್ತಿತ್ತು, ನಾವು ಕೇಳುತ್ತಿದ್ದೆವು. ಈಗ ಅನುಮಾನ ತಿರುಗುಮುರುಗಾಗಿದೆ.

ಅಮೆರಿಕದ ನಾರ್ತ್‌ಈಸ್ಟರ್ನ್ ವಿಶ್ವವಿದ್ಯಾಲಯದವರು 17,260 ಆಂಡ್ರಾಯ್ಡ್ ಆ್ಯಪ್‌ಗಳನ್ನು ಪರೀಕ್ಷಿಸಿ 2018ರಲ್ಲಿ ಪ್ರಕಟಿಸಿದರು. ತಾನಾಗಿ ಮೈಕ್ ಹಚ್ಚಿ ಮಾತು ಕಳಿಸಿದ ಒಂದು ಆ್ಯಪ್ ಕೂಡ ಸಿಗಲಿಲ್ಲ. ಸಿಕ್ಕಿದ್ದು ಬೇರೆ: ಕೆಲವು ಆ್ಯಪ್‌ಗಳು ಪರದೆಯ ಚಿತ್ರವನ್ನೇ ಹೊರಗಿನವರಿಗೆ ಕಳಿಸುತ್ತಿದ್ದವು. ಮೋಟರಿನ ವಿಷಯ ಹೀಗಿರಬಹುದು. ನಿಮ್ಮ ತಮ್ಮ ಅದೇ ವೈಫೈನಲ್ಲಿ ಮೋಟರಿನ ಬೆಲೆ ಹುಡುಕಿರುತ್ತಾನೆ, ನೀವು ಮದ್ದೂರಿನ ಮೋಟರ್ ಅಂಗಡಿ ಮುಂದೆ ಅರ್ಧ ಗಂಟೆ ನಿಂತದ್ದು ಲೊಕೇಶನ್‌ನಲ್ಲಿರುತ್ತದೆ, ಬೇಸಿಗೆಯಲ್ಲಿ ಈ ಭಾಗದವರಿಗೆಲ್ಲ ಅದೇ ಜಾಹೀರಾತು ಹೋಗುತ್ತಿರುತ್ತದೆ. ಕದ್ದು ಕೇಳುವ ಅಗತ್ಯವೇ ಇಲ್ಲ. ನನ್ನ ಮಟ್ಟಿಗೆ ಇದು ಕದ್ದು ಕೇಳುವುದಕ್ಕಿಂತ ಹೆಚ್ಚು ಕಸಿವಿಸಿ ಮಾಡುವ ಸಂಗತಿ. ಇಷ್ಟು ನಡೆಯುತ್ತಿದ್ದರೂ ಯಾರಿಗೂ ಬೆನ್ನು ಜುಮ್ಮೆನ್ನುವುದಿಲ್ಲ.

ಸೆಟ್ಟಿಂಗ್ಸ್‌ನಲ್ಲಿ ಯಾವ ಆ್ಯಪ್‌ಗೆ ಮೈಕ್, ಲೊಕೇಶನ್ ಅನುಮತಿ ಇದೆ ನೋಡಿ, ಬೇಡದ್ದು ತೆಗೆಯಿರಿ. ಈಚಿನ ಫೋನ್‌ಗಳಲ್ಲಿ ಮೈಕ್ ಅಥವಾ ಕ್ಯಾಮೆರಾ ಚಾಲೂ ಇದ್ದರೆ ಪರದೆಯ ಮೇಲ್ಭಾಗದಲ್ಲಿ ಸಣ್ಣ ಚುಕ್ಕೆ ಕಾಣುತ್ತದೆ.

ಒಬ್ಬ ನಿಜವಾಗಿಯೂ ಹಿಂದೆ ಬಿದ್ದಿದ್ದಾನೆ. ನಾನೆಲ್ಲಿ ಹೋದರೂ ಅವನಿಗೆ ಗೊತ್ತಾಗುತ್ತೆ.

"ನಿನಗೆ ಹಾಗನ್ನಿಸುತ್ತೆ ಅಷ್ಟೇ" ಎಂದು ಯಾರಾದರೂ ಅಂದರೆ ಅವರ ಮಾತು ಕೇಳಬೇಡಿ. ದಿನಾಂಕ, ಹೊತ್ತು, ಜಾಗ, ಗಾಡಿ ನಂಬರು ಬರೆದಿಡಿ, ಮೆಸೇಜುಗಳ ಸ್ಕ್ರೀನ್‌ಶಾಟ್ ಇಡಿ, ಅಳಿಸಬೇಡಿ. ಬೇಡ ಅಂದರೂ ಹೆಣ್ಣಿನ ಹಿಂದೆ ಬೀಳುವುದು, ಪದೇ ಪದೇ ಸಂಪರ್ಕಿಸುವುದು, ಆಕೆಯ ಇಂಟರ್‌ನೆಟ್ ಬಳಕೆ ಗಮನಿಸುವುದು ಭಾರತೀಯ ನ್ಯಾಯ ಸಂಹಿತೆಯ 78ನೇ ಕಲಂ ಪ್ರಕಾರ ಅಪರಾಧ. ಮೊದಲ ಸಲಕ್ಕೆ 3 ವರ್ಷದವರೆಗೆ, ಮತ್ತೆ ಮಾಡಿದರೆ 5 ವರ್ಷದವರೆಗೆ ಜೈಲು. ಖಾಸಗಿ ಹೊತ್ತಿನಲ್ಲಿ ಹೆಣ್ಣನ್ನು ಕದ್ದು ನೋಡುವುದು, ಚಿತ್ರ ತೆಗೆಯುವುದು 77ನೇ ಕಲಂ. ಮೊದಲ ಸಲಕ್ಕೇ 1ರಿಂದ 3 ವರ್ಷ. ಒಪ್ಪಿಗೆಯಿಲ್ಲದೆ ಯಾರದೇ ಗುಪ್ತಾಂಗದ ಚಿತ್ರ ತೆಗೆದರೆ, ಹೆಣ್ಣಾಗಲಿ ಗಂಡಾಗಲಿ, ಐಟಿ ಕಾಯ್ದೆಯ 66ಇ ಇದೆ.

ಅವನಿಗೆ ಹೇಗೆ ಗೊತ್ತಾಗುತ್ತಿದೆ ಎಂದು ಹುಡುಕಿ: ವಾಟ್ಸ್ಆ್ಯಪ್‌ನ ಲಿಂಕ್ಡ್ ಡಿವೈಸಸ್, ಗೂಗಲ್ ಖಾತೆಗೆ ಲಾಗಿನ್ ಆಗಿರುವ ಫೋನುಗಳು, ಮ್ಯಾಪ್ಸ್‌ನ ಲೊಕೇಶನ್ ಶೇರಿಂಗ್, ಬ್ಯಾಗಿನಲ್ಲೋ ಸ್ಕೂಟರ್ ಸೀಟಿನಡಿಯೋ ಅಡಗಿಸಿದ ಬಿಲ್ಲೆಯಂಥ ಟ್ರ್ಯಾಕರ್. ಒಂದು ಎಚ್ಚರಿಕೆ: ಆತ ಗಂಡನೋ ಜೊತೆಯಲ್ಲೇ ಇರುವವನೋ ಆಗಿದ್ದರೆ ಅದನ್ನು ತೆಗೆದ ಕೂಡಲೇ ಅವನಿಗೆ ತಿಳಿಯುತ್ತದೆ. ಮೊದಲು ಸುರಕ್ಷಿತ ಜಾಗ, ಆಮೇಲೆ ಫೋನು. ತುರ್ತಿಗೆ 112, ಮಹಿಳಾ ಸಹಾಯವಾಣಿ 181, ಆನ್‌ಲೈನ್ ಕಾಟಕ್ಕೆ 1930.

ಬಟ್ಟೆ ಅಂಗಡಿ ಟ್ರಯಲ್ ರೂಮು, ಲಾಡ್ಜ್ ಕೋಣೆ ಹೇಗೆ ನೋಡಿಕೊಳ್ಳೋದು?

ದೀಪ ಆರಿಸಿ ಫೋನ್ ಟಾರ್ಚನ್ನು ನಿಧಾನವಾಗಿ ಗಡಿಯಾರ, ಪ್ಲಗ್, ಹೊಗೆ ಪತ್ತೆ ಯಂತ್ರ, ಹ್ಯಾಂಗರ್ ಕಡೆ ಆಡಿಸಿ, ಲೆನ್ಸ್ ಇದ್ದರೆ ಚುಕ್ಕೆಯಾಗಿ ಮಿನುಗುತ್ತದೆ. ಕನ್ನಡಿಗೆ ಬೆರಳು ಒತ್ತಿ ನೋಡುವ ಉಪಾಯವನ್ನು ನಂಬಬೇಡಿ. ಸಿಕ್ಕರೆ ಮುಟ್ಟದೆ ಫೋಟೋ ತೆಗೆದು 112ಕ್ಕೆ ಫೋನ್ ಮಾಡಿ.

ನಮ್ಮಣ್ಣ ಮೂರು ತಿಂಗಳಿಂದ "ಎಲ್ಲರೂ ಸೇರಿ ನನ್ನ ಮೇಲೆ ಕಣ್ಣಿಟ್ಟಿದ್ದಾರೆ" ಅಂತ ಕಿಟಕಿಗೆಲ್ಲ ಪೇಪರ್ ಅಂಟಿಸಿದ್ದಾನೆ. ದೇವಸ್ಥಾನಕ್ಕೆ ಕರ್ಕೊಂಡು ಹೋಗೋದಾ, ಡಾಕ್ಟರ ಹತ್ರಾನಾ?

ದೇವಸ್ಥಾನಕ್ಕೆ ಹೋಗಿ, ಆದರೆ ಡಾಕ್ಟರನ್ನು ಮುಂದೂಡಬೇಡಿ. ಸಣ್ಣ ಅನುಮಾನ ಎಲ್ಲರಿಗೂ ಉಂಟು. ಲಂಡನ್ನಿನಲ್ಲಿ 200 ಸಾಮಾನ್ಯ ಜನರಿಗೆ ಕನ್ನಡಕದಂಥ ಯಂತ್ರ ಹಾಕಿ ಕಲ್ಪಿತ ರೈಲಿನಲ್ಲಿ ಕೂರಿಸಿದ ಅಧ್ಯಯನವೊಂದು 2008ರಲ್ಲಿ ಬಂತು. ಏನೂ ಮಾಡದೆ ಕೂತಿದ್ದ ಕಂಪ್ಯೂಟರ್ ಗೊಂಬೆಗಳ ಬಗ್ಗೆ ನೂರಕ್ಕೆ ನಲವತ್ತರಷ್ಟು ಜನಕ್ಕೆ ಸಂಶಯ ಬಂದಿತ್ತು. ಕಾಯಿಲೆಯಲ್ಲಿ ಬೇರೆಯಾಗುವುದು ಇಷ್ಟು: ಅನುಮಾನ ವಾರಗಟ್ಟಲೆ ಬಿಡುವುದಿಲ್ಲ, ಏನು ತೋರಿಸಿದರೂ ಕರಗುವುದಿಲ್ಲ, ಟಿವಿಯವರೂ ತನ್ನ ಬಗ್ಗೆಯೇ ಹೇಳುತ್ತಿದ್ದಾರೆ ಎನ್ನುವಷ್ಟು ಹಬ್ಬುತ್ತದೆ, ಊಟ, ನಿದ್ದೆ, ಕೆಲಸ ಕೆಡುತ್ತದೆ. ಗಾಂಜಾ, ಹಲವು ರಾತ್ರಿಗಳ ನಿದ್ದೆಗೇಡು, ದಿನವೂ ಕುಡಿಯುತ್ತಿದ್ದವರು ತಟ್ಟನೆ ಬಿಟ್ಟಾಗ ಕೂಡ ಹೀಗಾಗಬಹುದು; ವಯಸ್ಸಾದವರಲ್ಲಿ ಪಾರ್ಕಿನ್ಸನ್, ಮರೆಗುಳಿ ಕಾಯಿಲೆಯೂ ಕಾರಣವಾಗಬಹುದು. ಯಾವುದೆಂದು ತಿಳಿಯಲಿಕ್ಕೇ ವೈದ್ಯರು ಬೇಕಾಗುವುದು.

ಅಣ್ಣನ ಜೊತೆ ವಾದಕ್ಕೆ ಇಳಿಯಬೇಡಿ, "ಹೌದೌದು" ಎಂದು ತಾಳ ಹಾಕಲೂಬೇಡಿ. "ನಿನಗೆ ಭಯವಾಗ್ತಿದೆ, ನಿದ್ದೆ ಇಲ್ಲ, ಅದಕ್ಕೊಮ್ಮೆ ತೋರಿಸೋಣ ಬಾ ಅಣ್ಣ" ಅನ್ನಿ. ನಿದ್ದೆಯ ವಿಷಯಕ್ಕೆ ಬಹಳ ಜನ ಒಪ್ಪುತ್ತಾರೆ. ಮೈಸೂರಿನ ಕೆ.ಆರ್. ಆಸ್ಪತ್ರೆ, ಮಂಡ್ಯದ ಮಿಮ್ಸ್ ಆಸ್ಪತ್ರೆ ಎರಡರಲ್ಲೂ ಮನೋವೈದ್ಯ ವಿಭಾಗವಿದೆ. ದಾರಿ ತೋಚದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416ಕ್ಕೆ ಯಾವ ಹೊತ್ತಿನಲ್ಲಾದರೂ ಫೋನ್ ಮಾಡಿ, ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ. ತನಗೋ ಬೇರೆಯವರಿಗೋ ಏನಾದರೂ ಮಾಡಿಕೊಳ್ಳುವ ಮಾತು ಬಂದರೆ ಕಾಯದೆ ಅಂದೇ ಆಸ್ಪತ್ರೆಗೆ ಕರೆದೊಯ್ಯಿರಿ.

ಮಗ ಅಮೆರಿಕದಲ್ಲಿ. ನಾನು ಕುವೆಂಪುನಗರದಲ್ಲಿ ಒಬ್ಬಳೇ. ಬಿದ್ದುಗಿದ್ದರೆ ಅಂತ ಹಾಲ್‌ನಲ್ಲಿ ಕ್ಯಾಮೆರಾ ಹಾಕಿಸಿದ್ದಾನೆ. ಪ್ರೀತಿಯಿಂದಲೇ ಮಾಡಿದ್ದು, ಆದರೆ ಸೆರಗು ಸಡಿಲ ಮಾಡಿ ಕೂರೋಕೂ ಆಗ್ತಿಲ್ಲ. ಹೇಗೆ ಹೇಳಲಿ?

ಪಿಂಚಣಿದಾರರ ಊರಾದ ಮೈಸೂರಿನಲ್ಲಿ ಇದನ್ನು ಕೇಳುವ ಅಮ್ಮಂದಿರು ಬಹಳ. ಮಗನಿಗೆ ಬೇಕಾಗಿರುವುದು ಚಿತ್ರವಲ್ಲ, ಅಮ್ಮ ಚೆನ್ನಾಗಿದ್ದಾರೆ ಎಂಬ ಸುದ್ದಿ. ಅದನ್ನು ಬೇರೆ ರೀತಿಯಲ್ಲಿ ಕೊಡಬಹುದು. ಕ್ಯಾಮೆರಾವನ್ನು ಹಾಲ್‌ನಿಂದ ಗೇಟಿನ ಕಡೆಗೆ ಹಾಕಿಸಿ, ಬಂದು ಹೋಗುವವರು ಅವನಿಗೆ ಕಾಣಲಿ. ಬೆಳಿಗ್ಗೆ ಕಾಫಿ ಆದ ಮೇಲೆ ದಿನವೂ ಒಂದೇ ಹೊತ್ತಿಗೆ ನೀವೇ ಒಂದು ಮೆಸೇಜ್ ಹಾಕಿ. ಅದು ಬಾರದಿದ್ದರೆ ಪಕ್ಕದ ಮನೆಯವರಿಗೆ ಫೋನ್ ಮಾಡುವುದೆಂದು ಮಾತಾಗಲಿ, ಒಂದು ಬೀಗದ ಕೈ ಅವರ ಹತ್ತಿರ ಇರಲಿ. ಬಿದ್ದರೆ ಒತ್ತಲು ಕೊರಳಿಗೋ ಕೈಗೋ ಕಟ್ಟುವ ಗುಂಡಿಯಂಥ ಸಾಧನಗಳೂ ಸಿಗುತ್ತವೆ. ಹಾಲ್‌ನಲ್ಲೇ ಇರಲೇಬೇಕು ಎಂದು ಅವನು ಹಟ ಮಾಡಿದರೆ ಅದಕ್ಕೊಂದು ಸ್ವಿಚ್ ಹಾಕಿಸಿಕೊಡು ಅನ್ನಿ, ಆ ಸ್ವಿಚ್ ನಿಮ್ಮ ಕೈಗೆ ಎಟುಕುವ ಗೋಡೆಯ ಮೇಲಿರಲಿ.